ಟಿಬಿ ವಾಸಿಯಾದೋರೇ ಮಾತಾಡಿದ್ರೆ: ನನ್ನ ಅನುಭವ

ತುಮಕೂರು ಕಡೆ ಬೀಡಿ ಕಟ್ಟೋ ಹೆಣ್ಮಕ್ಳು ಜಾಸ್ತಿ ಇರೋ ಏರಿಯಾಗಳಲ್ಲಿ ನಾನು ಟಿಬಿ ಜಾಗೃತಿ ಕೆಲಸ ಮಾಡ್ತೀನಿ. ಎರಡು ವಾರಕ್ಕಿಂತ ಜಾಸ್ತಿ ಕೆಮ್ಮಿದ್ರೆ ಕಫ ಪರೀಕ್ಷೆ ಮಾಡ್ಸಿ, ಮಾತ್ರೆ ಸರ್ಕಾರದಿಂದ ಫ್ರೀ, ವಾಸಿ ಆಗುತ್ತೆ ಅಂತ ನಾವು ಹೇಳಿದ್ರೆ ಎಲ್ರೂ ತಲೆ ಆಡಿಸ್ತಾರೆ, ಆದ್ರೆ ನಂಗೂ ಕೆಮ್ಮಿದೆ ಅಂತ ಒಬ್ರೂ ಬಾಯಿ ಬಿಡಲ್ಲ. ಅಮಿತಾಬ್ ಬಚ್ಚನ್ ಅವರಿಗೂ 2000ದಲ್ಲಿ ಬೆನ್ನುಮೂಳೆ ಟಿಬಿ ಬಂದು ವಾಸಿಯಾಯ್ತು ಅಂದ್ರೆ "ಅವ್ರಿಗೇನಮ್ಮ, ದುಡ್ಡಿದೆ" ಅಂತಾರೆ. ಇವ್ರ ಭಯನೇ ಬೇರೆ, ಅತ್ತೆ ಎಲ್ಲಿ ತಟ್ಟೆ ಲೋಟ ಬೇರೆ ಇಟ್ಬಿಡ್ತಾರೋ ಅಂತ.

ಅದೇ ಜಾಗಕ್ಕೆ ಆರು ತಿಂಗ್ಳ ಟಿಬಿ ಮಾತ್ರೆ ಕೋರ್ಸ್ ಮುಗ್ಸಿದ ಒಬ್ಬ ಅಕ್ಕನ್ನ ಕರ್ಕೊಂಡು ಹೋದಾಗ ಪೂರ್ತಿ ಬೇರೆ ಥರ ಆಯ್ತು. ಅವ್ರೂ ಬೀಡಿ ಕಟ್ಟೋರೇ. ಮಾತ್ರೆ ಶುರು ಮಾಡ್ದಾಗ ಉಚ್ಚೆ ಕೆಂಪಗೆ ಬಂತು, ರಕ್ತಾನೇ ಹೋಗ್ತಿದೆ ಅಂತ ಅತ್ಬಿಟ್ಟೆ, ಆಮೇಲೆ ಆಶಾ ಕಾರ್ಯಕರ್ತೆ ಅಕ್ಕ ಅದು ಮಾತ್ರೆ ಬಣ್ಣ ಕಣಮ್ಮ ಅಂದ್ರು ಅಂತ ಹೇಳ್ತಿದ್ದಂಗೆ ಹಿಂದೆ ಕೂತಿದ್ದ ಒಬ್ರು "ನಮ್ಮೆಜಮಾನ್ರೂ ಅದಕ್ಕೇ ನಿಲ್ಸಿದ್ದು" ಅಂದ್ರು. ಆಮೇಲೆ ಪ್ರಶ್ನೆಗಳೆಲ್ಲ ಆ ಅಕ್ಕಂಗೇ, ಮಗೂಗೆ ಹಾಲು ಕೊಡ್ತಿದ್ರಾ, ಗಂಡ ಏನಂದ್ರು, ವಾಕರಿಕೆ ಬಂದಾಗ ಏನ್ ಮಾಡಿದ್ರಿ, ಪೌಷ್ಟಿಕ ಆಹಾರದ ದುಡ್ಡು ಅಕೌಂಟಿಗೆ ನಿಜವಾಗ್ಲೂ ಬೀಳುತ್ತಾ (ನಿಕ್ಷಯ್ ಪೋಷಣ್ ಯೋಜನೆದು, ಮೊದ್ಲು ತಿಂಗ್ಳಿಗೆ 500 ಇತ್ತು, 2024ರ ನವೆಂಬರ್‌ನಿಂದ 1000).

ಹೀಗೆ ಮಾತಾಡೋಕೆ ಬರೋರ ಹತ್ರ ನಾನು ಕೇಳ್ಕೊಳೋದು ಒಂದೇ, ಎರಡನೇ ತಿಂಗ್ಳ ಕಥೆ ಬಿಡ್ಬೇಡಿ ಅಂತ. ಕೆಮ್ಮು ನಿಂತು ತೂಕ ಬಂದು ಇನ್ಯಾಕೆ ಮಾತ್ರೆ ಅನ್ಸೋದು ಆವಾಗ್ಲೇ, ಮಧ್ಯದಲ್ಲಿ ಬಿಟ್ರೆ ಕಾಯಿಲೆ ಮತ್ತೆ ಬರ್ಬಹುದು, ಔಷಧಿಗೆ ಬಗ್ಗದೇ ಇರೋ ಟಿಬಿ ಆಗೋ ಅಪಾಯಾನೂ ಇದೆ. ವೇದಿಕೆ ಮೇಲೆ ಕಣ್ಣೀರು ಹಾಕ್ಸೋ ಕಾರ್ಯಕ್ರಮ ನಂಗೆ ಇಷ್ಟ ಇಲ್ಲ, ಜನ ಅಯ್ಯೋ ಪಾಪ ಅಂತಾರೆ, ಕಫ ಕೊಡೋಕೆ ಬರಲ್ಲ.

ಕರ್ಯೋಕೆ ಮುಂಚೆ ಅವ್ರ ಮನೇಲಿ ಕೂತು ಏನ್ ಹೇಳ್ಬೇಕು ಅನ್ನೋದಕ್ಕಿಂತ ಏನ್ ಹೇಳೋಕೆ ಇಷ್ಟ ಇಲ್ಲ ಅಂತ ಕೇಳ್ತೀನಿ. ಶುರೂಲಿ ಅವ್ರೂರಲ್ಲೇ ಬೇಡ, ಪಕ್ಕದೂರಲ್ಲಿ. ಮದ್ವೆ ಆಗ್ದಿರೋ ಹುಡ್ಗೀರ ಫೋಟೋ ತೆಗ್ಯಂಗಿಲ್ಲ, ವಾಟ್ಸಾಪ್ ಗ್ರೂಪ್‌ಗೆ ಒಂದ್ಸಲ ಹೋದ್ರೆ ಗಂಡಿನ ಕಡೆಯೋರ ಫೋನಿಗೂ ಹೋಗುತ್ತೆ, ಯಾವ ಆಫೀಸರ್ ಕೇಳಿದ್ರೂ ನಾನು ಕೊಡಲ್ಲ. ಇನ್ನೊಂದು, ಕೂಲಿ ಕೊಡೋದು ಸಾವಿರ ಬೀಡಿಗೆ ಇಷ್ಟು ಅನ್ನೋ ಲೆಕ್ಕದಲ್ಲಿ, ನಮ್ಜೊತೆ ಬಂದ ದಿನ ಅವ್ರ ಕೂಲಿ ಹೋಗುತ್ತೆ, ಅದನ್ನ ಕೊಡ್ಲೇಬೇಕು, ಬರೀ ಶಾಲು ಹಾಕಿ ಕಳ್ಸೋದಲ್ಲ.

ಕಫದ ಡಬ್ಬಿ ಅವತ್ತೇ ಕೈಯಲ್ಲಿರ್ಬೇಕು. ನಾಳೆ ಪಿಎಚ್‌ಸಿಗೆ (ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ) ಬನ್ನಿ ಅಂದ್ರೆ ಆ ಧೈರ್ಯ ರಾತ್ರಿ ಕಳಿಯೋದ್ರೊಳಗೆ ಇಳ್ದೋಗಿರುತ್ತೆ.

ಗಂಡಸರು ಮಾತಾಡೋಕೆ ಮುಂದೆ ಬರೋದು ಕಡಿಮೆ. ಈಗ ಲಾರಿ ಓಡ್ಸೋ ಒಬ್ರು ಒಪ್ಕೊಂಡಿದಾರೆ, ಮೈಕ್ ಬೇಡ, ಸ್ಟ್ಯಾಂಡ್ ಹತ್ರ ಟೀ ಕುಡಿಯೋವಾಗ ಹುಡುಗ್ರಿಗೆ ಹೇಳ್ತೀನಿ ಅಂದಿದಾರೆ. ಡಬ್ಬಿ ಹಿಡ್ಕೊಂಡು ನಾನು ಅಲ್ಲಿಗೇ ಹೋಗ್ತೀನಿ.