ಸೀರಿಯಲ್‌ನಲ್ಲಿ ಪಾತ್ರ ಸಿಕ್ಕಿತಾ? ಮೊದಲು ಒಂದು ಡೈರಿ ತಗೊಳ್ಳಿ

ಮಧ್ಯಾಹ್ನದ ಸೀರಿಯಲ್‌ಗೆ ಸೆಲೆಕ್ಟ್ ಆಗಿದ್ದೀನಿ ಅಕ್ಕಾ, ಮುಂದೇನು ಮಾಡಲಿ ಅಂತ ಕೇಳುವ ಹುಡುಗಿಯರಿಗೆ ನಾನು ಮೊದಲು ಹೇಳುವುದು ಇದನ್ನೇ. ಡೈರಿ ಇಡಿ. ಇಲ್ಲಿ ದುಡ್ಡು ದಿನದ ಲೆಕ್ಕ. ತಿಂಗಳಿಗೆ 15 ದಿನ ಅಂತ ಮಾತಾಗಿದ್ದರೂ ಕಥೆ ಬೇರೆ ಪಾತ್ರದ ಕಡೆ ತಿರುಗಿದರೆ 6 ದಿನ ಕರೆಯಬಹುದು, ಅಷ್ಟಕ್ಕೇ ಪೇಮೆಂಟ್.

ದಿನಾಂಕ, ಸೆಟ್‌ಗೆ ಹೋದ ಹೊತ್ತು, ಪ್ಯಾಕಪ್ ಆದ (ಅವತ್ತಿನ ಶೂಟಿಂಗ್ ಮುಗಿದ) ಹೊತ್ತು, ಎಷ್ಟು ಸೀನ್, ಎಲ್ಲ ಅವತ್ತೇ ಬರೆಯಿರಿ. ತಿಂಗಳ ಕೊನೆಗೆ ಸೀರಿಯಲ್‌ನ ಪ್ರೊಡಕ್ಷನ್ ಮ್ಯಾನೇಜರ್‌ಗೆ ವಾಟ್ಸಾಪ್ ಮಾಡಿ: "ಸರ್, ಈ ತಿಂಗಳು ನಂದು 11 ದಿನ, ಒಂದ್ಸಲ ನೋಡಿ ಹೇಳಿ." ನನ್ನ ಮೊದಲ ಸೀರಿಯಲ್‌ನಲ್ಲಿ ನಾನು ಬರೆದಿಟ್ಟಿರಲಿಲ್ಲ. ದುಡ್ಡು ಬರುವಾಗ ಎರಡು ತಿಂಗಳು ದಾಟಿತ್ತು, ಅದರಲ್ಲೂ ನಾಲ್ಕು ದಿನದ್ದು ಕಮ್ಮಿ. ಕೇಳೋಣ ಅಂದರೆ ತೋರಿಸಲು ಕೈಯಲ್ಲಿ ಒಂದು ಚೀಟಿಯೂ ಇರಲಿಲ್ಲ. ಆ ತಿಂಗಳ ಬಾಡಿಗೆಗೆ ಅಮ್ಮನ ಹತ್ತಿರ ಕೇಳಬೇಕಾಯಿತು, ಅದು ಇವತ್ತಿಗೂ ನೋವು.

ಪೇಮೆಂಟ್‌ನಲ್ಲಿ ಟಿಡಿಎಸ್, ಅಂದರೆ ಮೊದಲೇ ಕಡಿದುಕೊಳ್ಳುವ ಆದಾಯ ತೆರಿಗೆ ಹಿಡಿಯುತ್ತಾರೆ, ಸಾಮಾನ್ಯವಾಗಿ ಶೇ 10. ಅದು ನಿಮ್ಮ ಪ್ಯಾನ್‌ಗೆ ಜಮಾ ಆಗಿದೆಯಾ ಅಂತ ಆದಾಯ ತೆರಿಗೆ ವೆಬ್‌ಸೈಟ್‌ನಲ್ಲಿ ನೋಡಿಕೊಳ್ಳಿ. ರಿಟರ್ನ್ಸ್ ಹಾಕಿದರೆ ಜಾಸ್ತಿ ಹಿಡಿದದ್ದು ವಾಪಸ್ ಬರುತ್ತದೆ.

ಇನ್ನು ಬಟ್ಟೆ. ಎಷ್ಟೋ ಸೀರಿಯಲ್‌ಗಳಲ್ಲಿ ಸೀರೆ, ಬಳೆ, ಓಲೆ ಎಲ್ಲ ನಾವೇ ತರಬೇಕು, ಆದ್ದರಿಂದ ಒಪ್ಪಿಕೊಳ್ಳುವ ಮೊದಲೇ ಕೇಳಿಬಿಡಿ. ಚಿಕ್ಕಪೇಟೆಗೆ ಹೋಗಿ ಕಡಿಮೆ ಬೆಲೆಯ ಸೀರೆ ತಂದು, ಬ್ಲೌಸ್ ಬದಲಿಸಿ ಬದಲಿಸಿ ಉಡಿ. ಕಂಟಿನ್ಯುಟಿ ಮಾತ್ರ ಮರೆಯಬೇಡಿ, ಅಂದರೆ ಒಂದು ಸೀನ್ ಬೇರೆ ಬೇರೆ ದಿನ ತೆಗೆದರೂ ಬಟ್ಟೆ, ಬಳೆ ಎಲ್ಲ ಅದೇ ಇರಬೇಕು. ಬಾಗಿಲು ತೆರೆದು ಒಳಗೆ ಬರುವ ಶಾಟ್ ಇವತ್ತು ತೆಗೆದು, ಹಾಲ್‌ನಲ್ಲಿ ಅತ್ತೆ ಬೈಯುವುದನ್ನು ನಾಲ್ಕು ದಿನ ಬಿಟ್ಟು ತೆಗೆಯುತ್ತಾರೆ. ಒಮ್ಮೆ ನಾನು ಹಸಿರು ಬಳೆ ಮನೆಯಲ್ಲೇ ಬಿಟ್ಟು ಬಂದಿದ್ದೆ. ಲೈಟಿಂಗ್ ಆಗಿದೆ, ಹಿರಿಯ ನಟಿಯೊಬ್ಬರು ಕಾಯುತ್ತಾ ಕೂತಿದ್ದಾರೆ, ಮೇಕಪ್ ಅಕ್ಕ ಅಕ್ಕಪಕ್ಕದ ಮನೆಗಳಲ್ಲಿ ಬಳೆ ಕೇಳುತ್ತಿದ್ದಾರೆ! ಅವತ್ತಿನಿಂದ ಒಂದು ಸೀನ್‌ನ ಸೀರೆ, ಬ್ಲೌಸ್, ಬಳೆ, ಬಿಂದಿ ಎಲ್ಲ ಒಂದೇ ಕವರ್‌ಗೆ ಹಾಕಿ, ಸೀನ್ ನಂಬರ್ ಚೀಟಿ ಅಂಟಿಸುತ್ತೇನೆ. ಮುಂದಿನಿಂದ, ಹಿಂದಿನಿಂದ ಫೋಟೋ ತೆಗೆದಿಡುತ್ತೇನೆ. ಹೂವು ಯಾವ ಭುಜದ ಮೇಲೆ ಬಿದ್ದಿತ್ತು ಅನ್ನುವುದೂ ಅದರಲ್ಲಿ ಕಾಣಬೇಕು.

ಬೆಂಗಳೂರಲ್ಲಿ ಮನೆ ಮೆಟ್ರೋದ ನೇರಳೆ ಮಾರ್ಗದ ಹತ್ತಿರ ಹುಡುಕಿ. ರಾಜರಾಜೇಶ್ವರಿ ನಗರ, ಕೆಂಗೇರಿ ಕಡೆಯ ಶೂಟಿಂಗ್ ಮನೆಗಳಿಗೆ ಅದೇ ಸುಲಭ. ರಾತ್ರಿ ತಡವಾದರೆ ಡ್ರಾಪ್ ಕೇಳಿ, ಸಂಕೋಚ ಬೇಡ.

ಶಾಟ್ ನಡೆಯುವಾಗ ಡೈಲಾಗ್ ಪ್ರಾಂಪ್ಟ್ ಮಾಡುತ್ತಾರೆ, ಅಂದರೆ ಪಕ್ಕದಿಂದ ಹೇಳಿಕೊಡುತ್ತಾರೆ ನಿಜ, ಆದರೆ ಸೀನ್ ಪೇಪರ್ ಇಸ್ಕೊಂಡು ಎರಡು ಸಲ ಓದಿ. ಸುಮ್ನೆ ಪ್ರಾಂಪ್ಟ್‌ಗೆ ಕಾಯುತ್ತಾ ನಿಂತರೆ ಕಣ್ಣಲ್ಲಿ ಗೊತ್ತಾಗುತ್ತದೆ ಅಲ್ವಾ?

ಗುರುವಾರ ಟಿಆರ್‌ಪಿ, ಅಂದರೆ ಎಷ್ಟು ಜನ ನೋಡಿದರು ಅನ್ನುವ ಲೆಕ್ಕ ಬರುತ್ತದೆ. ಇಳಿಯುತ್ತಾ ಹೋದರೆ ಸೀರಿಯಲ್ ಬರುವ ಸಮಯ ಬದಲಾಗಬಹುದು, ಸೀರಿಯಲ್ಲೇ ನಿಲ್ಲಲೂಬಹುದು. ಮೂರು ತಿಂಗಳ ಬಾಡಿಗೆ ಬೇರೆ ಖಾತೆಯಲ್ಲಿ ಇಟ್ಟಿರಿ. ಅಸಿಸ್ಟೆಂಟ್ ಡೈರೆಕ್ಟರ್, ಮೇಕಪ್‌ನವರು, ಕಾಸ್ಟ್ಯೂಮ್ ಅಣ್ಣ, ಇವರ ನಂಬರ್ ಇಟ್ಟುಕೊಂಡು ಹಬ್ಬಕ್ಕಾದರೂ ಮಾತಾಡಿಸಿ. ನನ್ನ ಎರಡನೇ ಸೀರಿಯಲ್‌ಗೆ ನನ್ನ ಹೆಸರು ಹೇಳಿದ್ದು ಅವತ್ತು ಬಳೆ ಹುಡುಕಿ ತಂದ ಮೇಕಪ್ ಅಕ್ಕನೇ.