ಮಾರ್ಕ್ಸ್ ಕಮ್ಮಿ ಬಂತಾ? ಕೋರ್ಟಿಗೆ ಮುಂಚೆ ಉತ್ತರ ಪತ್ರಿಕೆ ತರಿಸ್ಕೊಳ್ಳಿ

ರಿಸಲ್ಟ್ ಬಂದ ದಿನ ಸಿಟ್ಟಲ್ಲಿ "ಯೂನಿವರ್ಸಿಟಿ ಮೇಲೆ ಕೇಸ್ ಹಾಕ್ತೀನಿ" ಅನ್ನೋರು ತುಂಬ ಜನ, ಆದ್ರೆ ಹೈಕೋರ್ಟ್ ಜಡ್ಜ್ ಕೂತ್ಕೊಂಡು ನಿಮ್ ಪೇಪರ್ ತಿದ್ದಿ ಮಾರ್ಕ್ಸ್ ಹಾಕಲ್ಲ. ಅಲ್ಲಿ ನಿಲ್ಲೋದು ಕಣ್ಣಿಗೆ ಕಾಣೋ ತಪ್ಪು ಮಾತ್ರ, ಅದು ಸಿಗೋದು ಉತ್ತರ ಪತ್ರಿಕೇಲೇ.

ಹಾಗಾಗಿ ಮೊದ್ಲು ಯೂನಿವರ್ಸಿಟಿ ನೋಟಿಫಿಕೇಷನ್ ಓದಿ. ಫೋಟೋಕಾಪಿ, ರೀಟೋಟಲಿಂಗ್, ರೀವ್ಯಾಲ್ಯುಯೇಷನ್ ಮೂರೂ ಬೇರೆಬೇರೆ, ಒಂದೊಂದಕ್ಕೂ ಫೀಸು, ಕೊನೇ ದಿನ ಬೇರೆ ಇರ್ಬಹುದು. ರೀಟೋಟಲಿಂಗ್ ಅಂದ್ರೆ ಬರೀ ಕೂಡೋದು, ಉತ್ತರ ಯಾರೂ ಮತ್ತೆ ಓದಲ್ಲ. ರೀವ್ಯಾಲ್ಯುಯೇಷನ್‌ನಲ್ಲಿ ಮಾರ್ಕ್ಸ್ ಇಳಿದ್ರೆ ಯಾವುದು ಲೆಕ್ಕಕ್ಕೆ ಅಂತ ನಿಯಮದಲ್ಲಿ ನೋಡ್ಕೊಂಡೇ ದುಡ್ಡು ಕಟ್ಟಿ.

ಫೋಟೋಕಾಪಿ ಕೊಡಲ್ಲ ಅಂದ್ರೆ ಆರ್‌ಟಿಐ (ಮಾಹಿತಿ ಹಕ್ಕು) ಅರ್ಜಿ ಹಾಕಿ. ನಮ್ ಉತ್ತರ ಪತ್ರಿಕೆ ನಾವು ನೋಡೋ ಹಕ್ಕನ್ನ ಸುಪ್ರೀಂ ಕೋರ್ಟ್ 2011ರಲ್ಲೇ ಆದಿತ್ಯ ಬಂದೋಪಾಧ್ಯಾಯ ಕೇಸಲ್ಲಿ ಒಪ್ಪಿದೆ, ತಿದ್ದಿದೋರ ಹೆಸರು ಮಾತ್ರ ಸಿಗಲ್ಲ. ಕೇಂದ್ರದ ನಿಯಮದಲ್ಲಿ ಅರ್ಜಿಗೆ 10 ರೂಪಾಯಿ, ಪುಟಕ್ಕೆ 2 ರೂಪಾಯಿ, ರಾಜ್ಯದ ಯೂನಿವರ್ಸಿಟಿಗೆ ರಾಜ್ಯದ ನಿಯಮ. 30 ದಿನದಲ್ಲಿ ಉತ್ತರ ಬರ್ಲಿಲ್ಲ ಅಂದ್ರೆ ಮುಂದಿನ 30 ದಿನದೊಳಗೆ ಮೊದಲ ಮೇಲ್ಮನವಿ. ತಡ ಮಾಡ್ಬೇಡಿ, ಯೂನಿವರ್ಸಿಟಿ ಇಟ್ಕೊಳ್ಳೋ ಅವಧಿ ಮುಗಿದ್ಮೇಲೆ ಪೇಪರ್‌ಗಳನ್ನ ನಾಶ ಮಾಡ್ತಾರೆ, ಆಮೇಲೆ ಆರ್‌ಟಿಐಗೂ ಏನೂ ಸಿಗಲ್ಲ.

ಕಾಪಿ ಕೈಗೆ ಬಂದ್ಮೇಲೆ "ಇಲ್ಲಿ ಇನ್ನೆರಡು ಕೊಡ್ಬೋದಿತ್ತು" ಅನ್ನೋ ಲೆಕ್ಕ ಬಿಟ್ಬಿಡಿ, ಅದು ಅಭಿಪ್ರಾಯ. ಮಾರ್ಕ್ಸೇ ಹಾಕದೆ ಬಿಟ್ಟಿರೋ ಉತ್ತರ ಇದ್ಯಾ, ಒಳಗಿನ ಮಾರ್ಕ್ಸೂ ಮೊದಲ ಪುಟದ ಟೋಟಲೂ ಒಂದೇನಾ, ಅಡಿಷನಲ್ ಶೀಟ್ ಕಳೆದಿದ್ಯಾ, ಸಿಲಬಸ್‌ನಲ್ಲಿ ಇಲ್ಲದ ಪ್ರಶ್ನೆ ಬಂದಿತ್ತಾ, ಕೀ ಆನ್ಸರೇ (ಪರೀಕ್ಷೆ ನಡೆಸೋರು ಸರಿ ಅಂತ ಇಟ್ಕೊಂಡಿರೋ ಉತ್ತರ) ತಪ್ಪಾ ಅಂತ ಹುಡುಕಿ. ಕೀ ತಪ್ಪು ಅನ್ನೋದಾದ್ರೆ ಟೆಕ್ಸ್ಟ್‌ಬುಕ್ ಪುಟ ಸಮೇತ ತೋರಿಸ್ಬೇಕು, ಯಾಕಂದ್ರೆ ಕಾನ್ಪುರ ಯೂನಿವರ್ಸಿಟಿ ಕೇಸಲ್ಲಿ (1983) ಸುಪ್ರೀಂ ಕೋರ್ಟ್ ಹೇಳಿದ್ದು, ತಪ್ಪು ಅಂತ ಸಾಬೀತಾಗೋ ತನಕ ಕೀ ಸರಿ ಅಂತಲೇ ಲೆಕ್ಕ. ಸಿಕ್ಕಿದ್ದನ್ನೆಲ್ಲ ಪ್ರಶ್ನೆ ನಂಬರ್, ಪುಟ ನಂಬರ್ ಹಾಕಿ ಒಂದೇ ಪುಟದಲ್ಲಿ ಬರ್ದು ಕುಲಸಚಿವರಿಗೆ (ಮೌಲ್ಯಮಾಪನ) ಕೊಟ್ಟು, ನಿಮ್ ಪ್ರತಿ ಮೇಲೆ ಸೀಲ್ ಹಾಕಿಸ್ಕೊಳ್ಳಿ. ಬಾಯಲ್ಲಿ ಹೇಳಿ ಬಂದ್ರೆ ಏನೂ ಹೇಳಿಲ್ಲ ಅಂತಲೇ ಅರ್ಥ.

ಅಲ್ಲೂ ಆಗ್ಲಿಲ್ಲ ಅಂದ್ರೆ ಸಂವಿಧಾನದ 226ನೇ ವಿಧಿ ಪ್ರಕಾರ ಹೈಕೋರ್ಟಲ್ಲಿ ರಿಟ್ ಅರ್ಜಿ ಹಾಕಿ, ಅಂದ್ರೆ ಯೂನಿವರ್ಸಿಟಿಗೆ ಆದೇಶ ಕೊಡಿ ಅಂತ ಕೇಳೋ ಅರ್ಜಿ. ಕನ್ಸ್ಯೂಮರ್ ಕೋರ್ಟಿಗೆ ಹೋಗಿ ಟೈಮ್ ವೇಸ್ಟ್ ಮಾಡ್ಬೇಡಿ, ಪರೀಕ್ಷೆ ಬರೆಯೋರು ಗ್ರಾಹಕರಲ್ಲ ಅಂತ 2009ರಲ್ಲೇ ತೀರ್ಪಾಗಿದೆ. ರಣವಿಜಯ್ ಸಿಂಗ್ ಕೇಸಿನ (2017) ತೀರ್ಪನ್ನ ವಕೀಲರ ಹತ್ರ ಕೂತು ಓದ್ಸಿ: ನಿಯಮದಲ್ಲಿ ರೀವ್ಯಾಲ್ಯುಯೇಷನ್ ಇಲ್ದೇ ಇದ್ರೆ, ಉದ್ದದ ವಾದ ಬೇಕಿಲ್ಲದೆ ತಪ್ಪು ಎದ್ದು ಕಾಣೋ ಅಪರೂಪದ ಕೇಸಲ್ಲಿ ಮಾತ್ರ ಕೋರ್ಟ್ ಅದಕ್ಕೆ ಅವಕಾಶ ಕೊಡ್ಬಹುದು, ಅನುಕಂಪಕ್ಕೆ ಜಾಗ ಇಲ್ಲ, ಸಂಶಯ ಇದ್ರೆ ಲಾಭ ಪರೀಕ್ಷೆ ನಡೆಸಿದೋರಿಗೆ. ಕೇಳೋದಕ್ಕೆ ತುಸು ನಿಷ್ಠುರ, ಆದ್ರೆ ನಿಮ್ ಕೇಸ್ ಅಳೆಯೋದು ಇದೇ ಅಳತೇಲಿ.

ಅದಕ್ಕೇ ಅರ್ಜೀಲಿ "12 ಮಾರ್ಕ್ಸ್ ಕೊಡ್ಸಿ" ಅಂತ ಕೇಳೋ ಬದ್ಲು "ಬಿಟ್ಟುಹೋದ ಉತ್ತರ ತಿದ್ದೋದಕ್ಕೆ ಹೇಳಿ, ನನ್ನ ಮನವಿ ಇಷ್ಟು ದಿನದಲ್ಲಿ ತೀರ್ಮಾನ ಮಾಡ್ಲಿ" ಅಂತ ಕೇಳಿ. ಹೆಣ್ಮಕ್ಕಳು, ಎಸ್‌ಸಿ ಎಸ್‌ಟಿಯವರಿಗೆ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗ್ತಾರೆ. ಕೇಸ್ ಎಷ್ಟೇ ಗಟ್ಟಿ ಇರ್ಲಿ, ಸಪ್ಲಿಮೆಂಟರಿ ಪರೀಕ್ಷೆ ಫೀಸು ಮಾತ್ರ ಕಟ್ಬಿಡಿ, ತೀರ್ಪು ಆ ಪರೀಕ್ಷೆಗೆ ಮುಂಚೆನೇ ಬರತ್ತೆ ಅಂತ ಯಾವ ವಕೀಲರೂ ಹೇಳಕ್ಕಾಗಲ್ಲ.