ನೇಮಕಾತಿಗೆ ಅನುಮೋದನೆ ಸಿಗದಿದ್ದರೆ: ಹಿಂಬರಹದಿಂದ ಹೈಕೋರ್ಟ್‌ವರೆಗೆ

ಅನುದಾನಿತ ಶಾಲೆಯ ಆಡಳಿತ ಮಂಡಳಿ ನೇಮಕಾತಿ ಆದೇಶ ಕೊಟ್ಟರೂ ಶಿಕ್ಷಣ ಇಲಾಖೆಯ ಅನುಮೋದನೆ ಇಲ್ಲದೆ ಸರ್ಕಾರದ ಅನುದಾನದಿಂದ ಸಂಬಳ ಬಾರದು. ಅನುಮೋದನೆ ತಿರಸ್ಕೃತವಾದಾಗ ಅರ್ಹತೆ ಇದ್ದವರೂ ಸೋಲುತ್ತಾರೆ. ಇಲಾಖೆ ಹೇಳಿದ ಕಾರಣ ಒಂದು, ಇವರು ಉತ್ತರ ಬರೆದದ್ದು ಇನ್ನೊಂದಕ್ಕೆ.

ಮೊದಲು ತಿರಸ್ಕಾರ ಲಿಖಿತವಾಗಿ ಕೈಗೆ ಬರಲಿ. ‘ಕಡತ ವಾಪಸ್ ಬಂದಿದೆಯಂತೆ’ ಎಂಬ ಬಾಯಿಮಾತಿನ ಮೇಲೆ ಏನನ್ನೂ ಹೂಡಲಾಗದು. ಹಿಂಬರಹದ (ಇಲಾಖೆ ಕಾರಣ ಬರೆದು ಕೊಡುವ ತಿರಸ್ಕಾರ ಪತ್ರದ) ಪ್ರತಿ ಆಡಳಿತ ಮಂಡಳಿಯ ಬಳಿ ಇರುತ್ತದೆ. ಕೊಡದಿದ್ದರೆ ಡಿಡಿಪಿಐ (ಜಿಲ್ಲೆಯ ಶಾಲಾ ಶಿಕ್ಷಣ ಉಪನಿರ್ದೇಶಕರ) ಕಚೇರಿಗೆ 10 ರೂಪಾಯಿ ಶುಲ್ಕದ ಮಾಹಿತಿ ಹಕ್ಕು ಅರ್ಜಿ ಹಾಕಿ, ಟಿಪ್ಪಣಿ ಹಾಳೆಗಳನ್ನೂ ಕೇಳಿ. ಅರ್ಜಿ ಒಂದೇ ವಿಷಯಕ್ಕೆ, 150 ಪದಗಳೊಳಗೆ ಇರಲಿ. 30 ದಿನಗಳಲ್ಲಿ ಉತ್ತರ ಬರಬೇಕು.

ಹೆಚ್ಚಿನವರು ಎಡವುವುದು ಮುಂದಿನ ಹಂತದಲ್ಲಿ: ಹಿಂಬರಹ ಓದುವಲ್ಲಿ. ಪೆನ್ಸಿಲ್ ಹಿಡಿದು ಪ್ರತಿ ಕಾರಣಕ್ಕೂ ಅಂಕಿ ಹಾಕಿ, ಒಂದೊಂದಕ್ಕೂ ಬೇರೆ ದಾಖಲೆ ಜೋಡಿಸಿ. ‘ಪೂರ್ವಾನುಮತಿ ಇಲ್ಲ’ ಎಂದಿದ್ದರೆ ಹುದ್ದೆ ತುಂಬಲು ಕೇಳಿದ ಪತ್ರ, ಅದರ ಸ್ವೀಕೃತಿ, ಜಾಹೀರಾತು ಬೇಕು. ‘ಕಾರ್ಯಭಾರ ಇಲ್ಲ’ (ಹುದ್ದೆಗೆ ಸಾಕಷ್ಟು ಪಾಠದ ಕೆಲಸವಿಲ್ಲ) ಎಂದಿದ್ದರೆ ಇಲಾಖೆ ಯಾವ ವರ್ಷದ ಮಕ್ಕಳ ಸಂಖ್ಯೆ ಹಿಡಿದಿದೆ ಎಂದು ನೋಡಿ. ನೇಮಕವಾದ ವರ್ಷ ಮಕ್ಕಳಿದ್ದು, ಕಡತ ಕೊಳೆತ ಮೇಲೆ ಕಡಿಮೆಯಾಗಿದ್ದರೆ ನಿಮ್ಮ ವಾದಕ್ಕೆ ಬಲವಿದೆ. ಮಕ್ಕಳ ದಾಖಲಾತಿ ಇರುವ ಇಲಾಖೆಯ ಆನ್‌ಲೈನ್ ವ್ಯವಸ್ಥೆಯಾದ ಸ್ಯಾಟ್ಸ್‌ನ ವರ್ಷವಾರು ಪ್ರತಿ ಲಗತ್ತಿಸಿ. ‘ಟಿಇಟಿ (ಶಿಕ್ಷಕರ ಅರ್ಹತಾ ಪರೀಕ್ಷೆ) ಇಲ್ಲ’ ಎಂದಿದ್ದರೆ ನೇಮಕದ ದಿನಾಂಕ, ಪಾಠ ಮಾಡುವ ತರಗತಿ ಎರಡನ್ನೂ ಖಚಿತಪಡಿಸಿ. ಟಿಇಟಿಯನ್ನು ಕನಿಷ್ಠ ಅರ್ಹತೆಗೆ ಸೇರಿಸಿದ 2010ರ ಆಗಸ್ಟ್ 23ರ ಎನ್‌ಸಿಟಿಇ (ರಾಷ್ಟ್ರೀಯ ಶಿಕ್ಷಕರ ಶಿಕ್ಷಣ ಪರಿಷತ್ತು) ಅಧಿಸೂಚನೆ 1ರಿಂದ 8ನೇ ತರಗತಿಯ ಶಿಕ್ಷಕರಿಗೆ ಸಂಬಂಧಿಸಿದ್ದು. ರೋಸ್ಟರ್ (ಯಾವ ಹುದ್ದೆ ಯಾವ ಮೀಸಲು ವರ್ಗಕ್ಕೆ ಎಂಬ ಸರದಿ) ಆಕ್ಷೇಪಣೆಗೆ ಶಿಕ್ಷಕರು ಉತ್ತರಿಸಲಾಗದು, ಆಡಳಿತ ಮಂಡಳಿಯೇ ರೋಸ್ಟರ್ ವಹಿ ಹಾಜರುಪಡಿಸಬೇಕು. ಮೀಸಲು ಬಿಂದುವಿನಲ್ಲಿ ಸಾಮಾನ್ಯ ವರ್ಗದವರನ್ನು ತುಂಬಿದ್ದು ನಿಜವೇ ಆಗಿದ್ದರೆ ಪ್ರಕರಣ ದುರ್ಬಲ. ವಕೀಲರಿಗೆ ಅದನ್ನು ಮುಚ್ಚಿಡಬೇಡಿ.

ಹಿಂಬರಹದಲ್ಲಿಲ್ಲದ ಕಾರಣವನ್ನು ಇಲಾಖೆ ಆಮೇಲೆ ಕೋರ್ಟಿಗೆ ಸಲ್ಲಿಸುವ ಪ್ರಮಾಣಪತ್ರದಲ್ಲಿ (ಅಫಿಡವಿಟ್) ತುರುಕುವುದುಂಟು. ಆದೇಶವನ್ನು ಅದರಲ್ಲೇ ಬರೆದ ಕಾರಣಗಳಿಂದ ಅಳೆಯಬೇಕು ಎಂದು ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಕಾರಣಗಳ ಪಟ್ಟಿ ಕೈಯಲ್ಲಿದ್ದರೆ ಮಾತ್ರ ಈ ಅಸ್ತ್ರ ಕೆಲಸಕ್ಕೆ ಬರುತ್ತದೆ.

ತಿರಸ್ಕಾರ ಮರುಪರಿಶೀಲಿಸಿ ಎಂದು ಇಲಾಖೆಗೆ ಮನವಿ ಒಂದೇ ಸಾಕು, ಎರಡು ಪುಟ ಮೀರದಿರಲಿ. ಸ್ಪೀಡ್ ಪೋಸ್ಟ್‌ನಲ್ಲೇ ಕಳಿಸಿ. ಕೈಯಾರೆ ಕೊಟ್ಟು ಮುದ್ರೆ ಹಾಕಿಸಿಕೊಳ್ಳದೆ ಬಂದರೆ ಕೊಟ್ಟಿದ್ದಕ್ಕೆ ಸಾಕ್ಷ್ಯವೇ ಇರದು. ವರ್ಷಕ್ಕೊಂದು ಮನವಿ ಬರೆಯುತ್ತ ಕೂತರೆ ವಿಳಂಬ ಮನ್ನಾ ಆಗುವುದಿಲ್ಲ. ಹೈಕೋರ್ಟ್‌ಗೆ ಹಾಕುವ ರಿಟ್ ಅರ್ಜಿಗೆ ಕಾಯ್ದೆಯಲ್ಲಿ ಗಡುವಿಲ್ಲದಿದ್ದರೂ ತಡವಾದ ಕಾರಣಕ್ಕೇ ಅರ್ಜಿ ವಜಾ ಆಗಬಹುದು.

ಎಲ್ಲಿಗೆ ಹೋಗಬೇಕು? ಅನುದಾನಿತ ಶಾಲೆಯ ಶಿಕ್ಷಕರು ಸರ್ಕಾರಿ ನೌಕರರಲ್ಲ, ಹಾಗಾಗಿ ಕೆಎಟಿ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಅಲ್ಲ. ಕರ್ನಾಟಕ ಶಿಕ್ಷಣ ಕಾಯ್ದೆಯ 94ನೇ ಕಲಮಿನ ಮೇಲ್ಮನವಿ ನ್ಯಾಯಾಧಿಕರಣ ಇರುವುದು ಆಡಳಿತ ಮಂಡಳಿ ವಜಾ ಮಾಡಿದಂಥ ಪ್ರಕರಣಗಳಿಗೆ. ಅನುಮೋದನೆ ನಿರಾಕರಣೆಗೆ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟ್, ಜಿಲ್ಲೆಗೆ ತಕ್ಕಂತೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠ. ಕಾಯ್ದೆಯ 130, 131ನೇ ಕಲಮುಗಳ (ಮೇಲ್ಮನವಿ, ಪುನರ್‌ಪರಿಶೀಲನೆ) ದಾರಿ ಮೊದಲು ಹಿಡಿಯಬೇಕೇ ಎಂದು ವಕೀಲರನ್ನು ಕೇಳಿ. ಆಡಳಿತ ಮಂಡಳಿಯನ್ನೂ ಪ್ರತಿವಾದಿ ಮಾಡಿ.

ಕೋರಿಕೆಯ ಸಾಲುಗಳನ್ನು ನೀವೇ ಓದಿ ನೋಡಿ. ಹಳೆಯ ಅರ್ಜಿಯ ಹೆಸರು ಬದಲಿಸಿ ತಯಾರಿಸಿದ ಕರಡಿನಲ್ಲಿ ‘ಮನವಿ ಪರಿಗಣಿಸಲು ನಿರ್ದೇಶಿಸಿ’ ಎಂದಷ್ಟೇ ಇರುತ್ತದೆ. ಅದು ಸಿಕ್ಕರೆ ಇಲಾಖೆ ‘ಪರಿಗಣಿಸಿ’ ಮತ್ತೆ ತಿರಸ್ಕರಿಸಬಹುದು. ಹಿಂಬರಹದ ಸಂಖ್ಯೆ, ದಿನಾಂಕ ನಮೂದಿಸಿ ಅದನ್ನು ರದ್ದುಪಡಿಸಲು, ನೇಮಕದ ದಿನಾಂಕದಿಂದಲೇ ಅನುಮೋದಿಸಲು, ಬಾಕಿ ವೇತನ ಕೊಡಲು ಮೂರು ಬೇರೆ ಕೋರಿಕೆಗಳಿರಲಿ. ‘ನೇಮಕದ ದಿನಾಂಕದಿಂದ’ ಎಂಬ ಪದಗಳು ಬಿಟ್ಟುಹೋದರೆ ಆದೇಶದ ದಿನದಿಂದ ಅನುಮೋದನೆ ಸಿಕ್ಕು, ನಡುವಿನ ವರ್ಷಗಳ ವೇತನ ಬಡ್ತಿಯೂ ಸೇವಾವಧಿಯೂ ಕೈತಪ್ಪಬಹುದು.

ಗೆದ್ದ ಮೇಲೆ ಆದೇಶದ ದೃಢೀಕೃತ ಪ್ರತಿ ಸಿಕ್ಕ ದಿನವೇ ಅದನ್ನು ಇಲಾಖೆಗೆ ಅಂಚೆಯಲ್ಲಿ ಕಳಿಸಿ. ಸರ್ಕಾರ ವಿಭಾಗೀಯ ಪೀಠಕ್ಕೆ ಮೇಲ್ಮನವಿ ಹಾಕಲು 30 ದಿನ ಇರುತ್ತದೆ. ಕೋರ್ಟ್ ಕೊಟ್ಟ ಗಡುವು ಮೀರಿದರೂ ಅನುಮೋದನೆ ಬಾರದಿದ್ದರೆ ನ್ಯಾಯಾಂಗ ನಿಂದನೆ ಅರ್ಜಿಗೆ ಒಂದು ವರ್ಷ ಮಾತ್ರ ಅವಕಾಶ. ಗಡುವು ಮುಗಿಯುವ ದಿನವನ್ನು ಇಂದೇ ಕ್ಯಾಲೆಂಡರಿನಲ್ಲಿ ಗುರುತು ಹಾಕಿಕೊಳ್ಳಿ.